ಯಾರ್ಕಿನ ಮಂತ್ರಪಂಡಿತರು

ಯಾರ್ಕ್ ಪಟ್ಟಣದ ಮಂತ್ರವಾದಿಗಳ ಸಂಘ ತಿಂಗಳಿಗೊಮ್ಮೆ, ಮೂರನೆಯ ಬುಧವಾರ, ಸಭೆ ಸೇರುತ್ತದೆ. ಸದಸ್ಯರೆಲ್ಲ ಅನುಕೂಲಸ್ಥರು, ಕೈಯಲ್ಲಿ ಬೇಕಾದಷ್ಟು ಬಿಡುವಿರುವವರು. ಇಂಗ್ಲೆಂಡಿನ ಮಂತ್ರವಿದ್ಯೆಯ ಇತಿಹಾಸದ ಮೇಲೆ ತಾವು ಬರೆದ ಉದ್ದುದ್ದ ಪ್ರಬಂಧಗಳನ್ನು ಓದುತ್ತಾರೆ, ಇನ್ನೊಬ್ಬರ ಪ್ರಬಂಧದಲ್ಲಿ ತಪ್ಪು ಹುಡುಕುತ್ತಾರೆ, ಎದ್ದು ಮನೆಗೆ ಹೋಗುತ್ತಾರೆ. ಜೀವಮಾನದಲ್ಲಿ ಒಂದು ಮಂತ್ರ ಹಾಕಿದವರು ಅವರಲ್ಲಿ ಒಬ್ಬರೂ ಇಲ್ಲ. 1806ರ ಶರತ್ಕಾಲದಲ್ಲಿ ಸಂಘಕ್ಕೆ ಹೊಸದಾಗಿ ಬಂದ ಜಾನ್ ಸೆಗಂಡಸ್ ಎಂಬಾತ ಎದ್ದು ನಿಂತು ಕೇಳುತ್ತಾನೆ: ನಮ್ಮ ದೇಶದಲ್ಲಿ ಈಗ ಯಾರೂ ಮಂತ್ರ ಮಾಡುತ್ತಿಲ್ಲವಲ್ಲ, ಏಕೆ? ಸಭೆಗೆ ಮುಜುಗರವಾಗುತ್ತದೆ. ವಿದ್ವಾಂಸನ ಕೆಲಸ ತಿಳಿಯುವುದು, ಮಾಡುವುದಲ್ಲ ಎಂಬ ಧಾಟಿಯಲ್ಲಿ ಅಧ್ಯಕ್ಷ ಡಾ. ಫಾಕ್ಸ್‌ಕಾಸಲ್ ಪ್ರಶ್ನೆಯನ್ನೇ ತಳ್ಳಿಹಾಕುತ್ತಾನೆ.

ಸುಸನ್ನಾ ಕ್ಲಾರ್ಕ್ ಅವರ ‘ಜೊನಾಥನ್ ಸ್ಟ್ರೇಂಜ್ ಅಂಡ್ ಮಿಸ್ಟರ್ ನೊರೆಲ್’ ಕಾದಂಬರಿ ಶುರುವಾಗುವುದು ಈ ಪ್ರಶ್ನೆಯಿಂದ. 2004ರಲ್ಲಿ ಬ್ಲೂಮ್ಸ್‌ಬರಿ ಪ್ರಕಟಿಸಿದ, 800 ಪುಟಗಳಿಗೆ ಹತ್ತಿರದ ಈ ಪುಸ್ತಕಕ್ಕೆ ಮರುವರ್ಷ ಹ್ಯೂಗೋ ಮತ್ತು ವರ್ಲ್ಡ್ ಫ್ಯಾಂಟಸಿ ಪ್ರಶಸ್ತಿಗಳೆರಡೂ ಬಂದವು. ಅಡುಗೆ ಪುಸ್ತಕಗಳ ಸಂಪಾದಕಿಯಾಗಿದ್ದ ಕ್ಲಾರ್ಕ್ ಆ ಕೆಲಸದ ನಡುವೆಯೇ ಸುಮಾರು ಹತ್ತು ವರ್ಷ ಹಿಡಿದು ಇದನ್ನು ಬರೆದರು. ಕಥೆಯ ಕಾಲ ಇಂಗ್ಲೆಂಡು ನೆಪೋಲಿಯನ್ನನ ವಿರುದ್ಧ ಕಾದಾಡುತ್ತಿದ್ದ ಕಾಲ. ಆದರೆ ಈ ಇಂಗ್ಲೆಂಡಿಗೆ ಇನ್ನೊಂದು ಚರಿತ್ರೆ ಇದೆ. ಮಧ್ಯಯುಗದಲ್ಲಿ ಮುನ್ನೂರು ವರ್ಷಕ್ಕೂ ಮೀರಿ ಅದರ ಉತ್ತರ ಭಾಗವನ್ನು ಜಾನ್ ಅಸ್ಕ್‌ಗ್ಲಾಸ್ ಎಂಬ ಮಂತ್ರವಾದಿ ಆಳಿದ್ದ. ಜನ ಅವನನ್ನು ರೇವನ್ ಕಿಂಗ್ ಎಂದು ಕರೆದರು. 1434ರಲ್ಲಿ ಆತ ರಾಜ್ಯ ತೊರೆದು ಹೋದ ಮೇಲೆ ಮಂತ್ರ ಮೆಲ್ಲಗೆ ಬತ್ತಿತು. ಉಳಿದದ್ದು ಪುಸ್ತಕಗಳು, ಆ ಪುಸ್ತಕಗಳ ಮೇಲಿನ ಪುಸ್ತಕಗಳು, ಅವನ್ನು ಓದುವ ಯಾರ್ಕಿನ ಸಂಘದಂಥ ಕೂಟಗಳು.

ಕಾದಂಬರಿಯನ್ನು ಮೆಚ್ಚಿದವರು ಸಾಮಾನ್ಯವಾಗಿ ಶೀರ್ಷಿಕೆಯಲ್ಲಿರುವ ಇಬ್ಬರು ಮಂತ್ರವಾದಿಗಳ ಬಗ್ಗೆ ಮಾತಾಡುತ್ತಾರೆ: ಜಿಪುಣ ಗುರು ನೊರೆಲ್, ಹುಂಬ ಶಿಷ್ಯ ಸ್ಟ್ರೇಂಜ್, ಅವರ ಸ್ನೇಹ, ಅವರ ಮುರಿತ. ಸಂಘವನ್ನು ಮೊದಲ ಅಧ್ಯಾಯಗಳ ನಗೆಚಿತ್ರವೆಂದು ದಾಟಿ ಮುಂದೆ ಹೋಗುತ್ತಾರೆ. ಮಾಡಬಲ್ಲವನು ಬಂದ, ಮಾತಾಡುವವರು ಬಾಯಿ ಮುಚ್ಚಿದರು ಎಂದು ಓದಿಕೊಳ್ಳುವುದು ಸುಲಭವೂ ಹೌದು. ನಾನು ಹಾಗೆ ಓದಲಾರೆ. ಮಂತ್ರದ ಬರಹ ಯಾರಿಗೆ ಸೇರಿದ್ದು, ಅದನ್ನು ಓದುವ ಹಕ್ಕು ಯಾರಿಗಿದೆ ಎಂಬ ಪ್ರಶ್ನೆ ಈ ಕಾದಂಬರಿಯ ಮೊದಲ ಪುಟದಿಂದ ಕೊನೆಯ ಪುಟದವರೆಗೆ ಹರಿಯುತ್ತದೆ. ಆ ಪ್ರಶ್ನೆಗೆ ಕಾದಂಬರಿ ಕೊಡುವ ಅತ್ಯಂತ ಗಂಭೀರ ಉತ್ತರ ಈ ಸಂಘದ ಕಥೆಯಲ್ಲೇ ಇದೆ.

ಸಂಘ ಏಕೆ ಒಣಗಿತು ಎಂಬುದರಿಂದ ಶುರುಮಾಡೋಣ. ಸೆಗಂಡಸ್ ಮತ್ತು ಅವನ ಗೆಳೆಯ ಹನಿಫುಟ್ ಊರಾಚೆಯ ಹರ್ಟ್‌ಫ್ಯೂ ಎಂಬ ಬಂಗಲೆಗೆ ಹೋಗಿ ಗಿಲ್ಬರ್ಟ್ ನೊರೆಲ್‌ನ ಗ್ರಂಥಾಲಯ ನೋಡುತ್ತಾರೆ. ಕಳೆದೇಹೋಗಿವೆ ಎಂದು ವಿದ್ವಾಂಸರು ಬರೆದಿಟ್ಟಿದ್ದ ಪುಸ್ತಕಗಳು ಅಲ್ಲಿ ಕಪಾಟು ಕಪಾಟಾಗಿ ನಿಂತಿವೆ. ಮಂತ್ರ ಜೀವಂತವಾಗಿದ್ದಾಗ ಬರೆದ ಪುಸ್ತಕಗಳು ಬೇರೆ, ಅದು ಸತ್ತ ಮೇಲೆ ಅದರ ಕುರಿತು ಬರೆದ ಪುಸ್ತಕಗಳು ಬೇರೆ ಎಂದು ನೊರೆಲ್ ವಿಂಗಡಿಸುತ್ತಾನೆ. ಮೊದಲ ಬಗೆಯವು ದೇಶದಲ್ಲಿ ಎಲ್ಲೇ ಮಾರಾಟಕ್ಕೆ ಬಂದರೂ ಅವನ ಪಾಲಾಗುತ್ತವೆ. ಸಂಘದವರಿಗೆ ಸಿಕ್ಕುವುದು ಎರಡನೆಯ ಬಗೆಯವು ಮಾತ್ರ. ಆ ಗ್ರಂಥಾಲಯಕ್ಕೆ ಅವನು ಮಂತ್ರದ ಕಟ್ಟು ಹಾಕಿದ್ದಾನೆ. ಒಳಹೊಕ್ಕವರಿಗೆ ದಿಕ್ಕು ತಪ್ಪುತ್ತದೆ, ಹೊರಬಂದ ಮೇಲೆ ಕಂಡದ್ದು ಸರಿಯಾಗಿ ನೆನಪಿರುವುದಿಲ್ಲ. ಸಂಘದವರು ಮಂತ್ರ ಮಾಡದ ಒಣಪಂಡಿತರು ಎಂದು ಜರೆಯುವ ಮುನ್ನ ಇದನ್ನು ಗಮನಿಸಬೇಕು. ಮೂಲಗ್ರಂಥಗಳನ್ನು ಒಬ್ಬನೇ ಗುಡಿಸಿಕೊಂಡು ಬೀಗ ಹಾಕಿದರೆ ಉಳಿದವರ ವಿದ್ವತ್ತು ವ್ಯಾಖ್ಯಾನದ ವ್ಯಾಖ್ಯಾನವಾಗಿ ಇಳಿಯದೆ ಬೇರೆ ದಾರಿಯಿಲ್ಲ. ಅವರ ಬರಡುತನದಲ್ಲಿ ಅವರ ಸೋಮಾರಿತನದ ಪಾಲು ಇದೆ, ನಿಜ. ಅದಕ್ಕಿಂತ ದೊಡ್ಡ ಪಾಲು ಹರ್ಟ್‌ಫ್ಯೂನ ಕಪಾಟುಗಳದ್ದು.

ಮುಂದೆ ಬರುವ ಕರಾರಿನ ಪ್ರಸಂಗ ಇಡೀ ಕಾದಂಬರಿಯಲ್ಲೇ ನನಗೆ ಅತಿ ನೋವಿನದು. ಯಾರ್ಕಿನ ದೊಡ್ಡ ಚರ್ಚಿನಲ್ಲಿ ತಾನು ಮಂತ್ರ ಮಾಡಿ ತೋರಿಸುತ್ತೇನೆ, ಗೆದ್ದರೆ ನಿಮ್ಮ ಸಂಘ ಮುಚ್ಚಬೇಕು, ನೀವು ಯಾರೂ ಮಂತ್ರವಾದಿ ಎಂದು ಹೇಳಿಕೊಳ್ಳಬಾರದು, ಮಂತ್ರದ ಅಧ್ಯಯನವನ್ನೇ ಬಿಡಬೇಕು ಎಂದು ನೊರೆಲ್ ವಕೀಲನ ಮೂಲಕ ಷರತ್ತು ಕಳಿಸುತ್ತಾನೆ. ಸಂಘದವರು ಅವನಿಗೆ ಆಗದು ಎಂಬ ಧೈರ್ಯದಲ್ಲಿ ಸಹಿ ಹಾಕುತ್ತಾರೆ. ಹಾಕದವನು ಸೆಗಂಡಸ್ ಒಬ್ಬನೇ. ಆಮೇಲೆ ಆ ಚರ್ಚಿನ ಕಲ್ಲುಗಳು ಮಾತಾಡುತ್ತವೆ. ಇವತ್ತಿಗೂ ಆ ಚರ್ಚಿಗೆ, ಅಂದರೆ ಯಾರ್ಕ್ ಮಿನ್‌ಸ್ಟರಿಗೆ, ಹೋದವರು ಅದರ ಒಳಗೋಡೆಯಲ್ಲಿ 15 ಅರಸರ ಶಿಲ್ಪಗಳ ಸಾಲು ನೋಡಬಹುದು. ಅಲ್ಲಿ ಕಲ್ಲಿನ ಮುಖಗಳಿಗೆ ಬರವಿಲ್ಲ. ಕಾದಂಬರಿಯಲ್ಲಿ ಮೊದಲು ಬಾಯಿ ಬಿಡುವ ಶಿಲ್ಪ ಹೇಳುವುದು ಒಂದು ಕೊಲೆಯ ಕಥೆ. ಶತಮಾನಗಳ ಹಿಂದೆ, ಕೂದಲಲ್ಲಿ ಐವಿ ಎಲೆ ಮುಡಿದಿದ್ದ ಹುಡುಗಿಯೊಬ್ಬಳನ್ನು ಅಲ್ಲೇ ಕೊಂದರು, ಕಂಡದ್ದು ತಾನೊಬ್ಬನೇ ಎಂದು ಅದು ಕೂಗುತ್ತದೆ.

ಇಲ್ಲಿ ಕ್ಲಾರ್ಕ್ ಅವರ ಕಲೆ ಎಷ್ಟು ಸೂಕ್ಷ್ಮ ನೋಡಿ. ನೊರೆಲ್ ತನ್ನ ಶಕ್ತಿ ಪ್ರದರ್ಶನಕ್ಕೆಂದು ಕಲ್ಲಿಗೆ ಬಾಯಿ ಕೊಟ್ಟ. ಕಲ್ಲು ಆ ಬಾಯಿಯನ್ನು ಬಳಸಿಕೊಂಡದ್ದು ಸಾಕ್ಷಿ ಹೇಳಲು. ಅಂದು ಅಲ್ಲಿ ನಡೆದದ್ದು ಒಂದು ಕಡತ ತೆರೆದಂತೆ: ಐನೂರು ವರ್ಷದಿಂದ ಯಾರೂ ಓದದೆ ಬಿದ್ದಿದ್ದ ದಾಖಲೆ ತಾನಾಗಿ ತೆರೆದುಕೊಂಡು ಓದುವವರನ್ನು ಕೇಳಿತು. ಅದನ್ನು ಓದುವ ತರಬೇತಿ ಇದ್ದ ಒಂದೇ ಗುಂಪು ಆ ಹೊತ್ತಿಗೆ ಚರ್ಚಿನಲ್ಲೇ ನಿಂತಿತ್ತು. ಆ ಗುಂಪು ಅದೇ ಕ್ಷಣದಲ್ಲಿ ತನ್ನ ಓದುವ ಹಕ್ಕನ್ನು ಸೋತಿತು. ನೊರೆಲ್‌ಗೆ ಆ ಹುಡುಗಿಯ ಬಗ್ಗೆ ಕುತೂಹಲವೇ ಇಲ್ಲ. ಸುದ್ದಿಯನ್ನು ಲಂಡನ್ನಿನ ಪತ್ರಿಕೆಗೆ ಬರೆದು ತಿಳಿಸುವ ಕೆಲಸ ಸೆಗಂಡಸ್‌ನ ಪಾಲಿಗೆ ಬರುತ್ತದೆ. ಮಂತ್ರ ಮಾಡಿದವನು ಒಬ್ಬ, ಅದನ್ನು ಬರೆದು ಜನಕ್ಕೆ ತಲುಪಿಸಿದವನು ಇನ್ನೊಬ್ಬ, ಬರೆದವನು ಸಂಘದವನು.

ನೊರೆಲ್ ಲಂಡನ್ನಿಗೆ ಹೋದ ಮೇಲೆ ಮಾಡುವುದೆಲ್ಲ ಈ ಕರಾರಿನ ವಿಸ್ತರಣೆಯೇ. ಮಂತ್ರವಿದ್ಯೆಯ ಪತ್ರಿಕೆ ಹೊರಡಿಸುತ್ತಾನೆ, ಅದರಲ್ಲಿ ತನಗೊಪ್ಪುವ ಅಭಿಪ್ರಾಯ ಮಾತ್ರ ಅಚ್ಚಾಗಬೇಕು. ಬೀದಿಯ ಮಂತ್ರವಾದಿಗಳನ್ನು ಓಡಿಸುತ್ತಾನೆ. ಸೆಗಂಡಸ್ ಸ್ಟೇರ್‌ಕ್ರಾಸ್ ಎಂಬ ಹಳೆಯ ಮನೆಯಲ್ಲಿ ಮಂತ್ರ ಕಲಿಸುವ ಶಾಲೆ ತೆರೆಯಲು ಹೊರಟಾಗ ಅದನ್ನು ನಿಲ್ಲಿಸುತ್ತಾನೆ. ಕೊನೆಗೆ ತನ್ನ ಶಿಷ್ಯನೇ ಬರೆದು, ಜಾನ್ ಮರ್ರಿ ಪ್ರಕಟಿಸಿದ ಪುಸ್ತಕದ ಪ್ರತಿಗಳನ್ನು, ಕೊಂಡವರ ಕೈಯಿಂದಲೂ ಬಿಡದಂತೆ, ಮಂತ್ರ ಹಾಕಿ ಮಾಯ ಮಾಡುತ್ತಾನೆ. ಈ ಕಾದಂಬರಿಯ ಇಂಗ್ಲೆಂಡಿನಲ್ಲಿ ಪುಸ್ತಕದ ಕೊಲೆ ಎಂಬ ಅಪರಾಧವೇ ಇದೆ. ಮಂತ್ರಗ್ರಂಥವನ್ನು ನಾಶ ಮಾಡಿದವನಿಗೆ ನೇಣು. ಕ್ಲೆಗ್ ಎಂಬ ಕುಡುಕ ಸೇವಕ ಒಂದು ಪುಸ್ತಕವನ್ನು ಹಾಳುಮಾಡಿ ಆ ಅಪರಾಧಕ್ಕೆ ಗಲ್ಲಿಗೇರುತ್ತಾನೆ. ಒಂದು ಕೃತಿಯನ್ನು ಒಂದೇ ಏಟಿಗೆ ಅಳಿಸಿದ ನೊರೆಲ್‌ನನ್ನು ಯಾವ ನ್ಯಾಯಾಲಯವೂ ಕರೆಸುವುದಿಲ್ಲ. ಕಾದಂಬರಿ ಈ ಎರಡನ್ನು ದೂರ ದೂರದ ಅಧ್ಯಾಯಗಳಲ್ಲಿ ಇಟ್ಟು ಸುಮ್ಮನಾಗುತ್ತದೆ. ಜೋಡಿಸಿ ನೋಡಬೇಕಾದವರು ನಾವು.

ಪುಸ್ತಕಗಳ ಮೇಲಿನ ಇಂಥ ಹಸಿವು ಕ್ಲಾರ್ಕ್ ಅವರ ಕಲ್ಪನೆಯಲ್ಲಿ ಮಾತ್ರ ಹುಟ್ಟಿದ್ದಲ್ಲ. 1812ರ ಜೂನಿನಲ್ಲಿ ರಾಕ್ಸ್‌ಬರೋ ಡ್ಯೂಕನ ಗ್ರಂಥಾಲಯ ಲಂಡನ್ನಿನಲ್ಲಿ ಹರಾಜಾದಾಗ ಇಟಲಿಯ ಕಥೆಗಾರ ಬೊಕ್ಕಾಚಿಯೋನ ಒಂದು ಹಳೆಯ ಮುದ್ರಿತ ಪ್ರತಿ 2,260 ಪೌಂಡಿಗೆ ಹೋಯಿತು. ಆ ಮಾರಾಟದ ನೆನಪಿಗೆ ಪುಸ್ತಕಪ್ರೇಮಿಗಳು ಕಟ್ಟಿಕೊಂಡ ರಾಕ್ಸ್‌ಬರೋ ಕ್ಲಬ್ ಇನ್ನೂ ಇದೆ. ಊರೂರಿನ ಸಿರಿವಂತರು ನಾಣ್ಯ, ಶಾಸನ, ಹಳೆಯ ಗ್ರಂಥಗಳ ಸುತ್ತ ಸಂಘ ಕಟ್ಟುತ್ತಿದ್ದ ಕಾಲ ಅದು. ನಿಜವಾದ ಯಾರ್ಕಿನಲ್ಲೇ 1822ರಲ್ಲಿ ಯಾರ್ಕ್‌ಷೈರ್ ಫಿಲಸಾಫಿಕಲ್ ಸೊಸೈಟಿ ಹುಟ್ಟಿತು. ನೊರೆಲ್ ಆ ಕಾಲದ ಮಗ.

ಕನ್ನಡದ ಓದುಗರಿಗೆ ಆ ಕಾಲ ಇನ್ನೊಂದು ಬದಿಯಿಂದ ಗೊತ್ತು. ಸ್ಪೇನ್, ಪೋರ್ಚುಗಲ್ ಯುದ್ಧದಲ್ಲಿ ಸ್ಟ್ರೇಂಜ್‌ನಿಂದ ಮಂತ್ರದ ರಸ್ತೆ ಹಾಕಿಸಿಕೊಳ್ಳುವ ಕಾದಂಬರಿಯ ಲಾರ್ಡ್ ವೆಲಿಂಗ್ಟನ್ ಎಂದರೆ ನಮ್ಮ ಚರಿತ್ರೆಯ ಆರ್ಥರ್ ವೆಲ್ಲೆಸ್ಲಿ. 1799ರ ಮೇ 4ರಂದು ಶ್ರೀರಂಗಪಟ್ಟಣ ಬಿದ್ದ ಮೇಲೆ ಆ ಊರಿನ ಆಡಳಿತ ವಹಿಸಿಕೊಂಡವನು, ಮರುವರ್ಷ ಬ್ರಿಟಿಷರ ವಿರುದ್ಧ ಬಂಡೆದ್ದಿದ್ದ ಧೋಂಡಿಯ ವಾಘನನ್ನು ಅಟ್ಟಿಸಿಕೊಂಡು ಹೋಗಿ ಕೊಂದವನು. ಟಿಪ್ಪುವಿನ ಅರಮನೆಯಲ್ಲಿದ್ದ ಸುಮಾರು 2,000 ಗ್ರಂಥಗಳು ಆಗ ಈಸ್ಟ್ ಇಂಡಿಯಾ ಕಂಪನಿಯ ವಶವಾಗಿ ಕಲ್ಕತ್ತೆಗೂ ಇಂಗ್ಲೆಂಡಿಗೂ ಹಂಚಿಹೋದವು. ಚಾರ್ಲ್ಸ್ ಸ್ಟುವರ್ಟ್ ಅವುಗಳ ವಿವರಣಾತ್ಮಕ ಸೂಚಿಯನ್ನು ಕೇಂಬ್ರಿಜ್‌ನಲ್ಲಿ ಅಚ್ಚು ಹಾಕಿಸಿದ್ದು 1809ರಲ್ಲಿ. ಕಾದಂಬರಿಯ ನೊರೆಲ್ ಲಂಡನ್ನಿನಲ್ಲಿ ಕೂತು ಯಾರ ಕೈಯಲ್ಲಿ ಯಾವ ಪುಸ್ತಕ ಇರಬಾರದು ಎಂದು ಪಟ್ಟಿ ಹಾಕುತ್ತಿದ್ದ ವರ್ಷಗಳು ಅವೇ. ಟಿಪ್ಪು ತನ್ನ ಕೈಯಾರೆ ಪಾರ್ಸಿಯಲ್ಲಿ ಬರೆದು, ಯಾರಿಗೂ ತೋರಿಸದೆ ಬಚ್ಚಿಟ್ಟಿದ್ದ ಕನಸುಗಳ ಹೊತ್ತಿಗೆ ಈಗಲೂ ಲಂಡನ್ನಿನಲ್ಲಿದೆ. ಗಿರೀಶ ಕಾರ್ನಾಡರು ಆ ಕನಸುಗಳಿಂದ ನಾಟಕ ಕಟ್ಟಿದರು. ಭಾರತ ಈ ಕಾದಂಬರಿಯ ಕಥಾಭೂಮಿಯಲ್ಲ. ಅದನ್ನು ದೋಷವೆಂದು ನಾನು ಎಣಿಸುವುದೂ ಇಲ್ಲ. ಆದರೆ ಹರ್ಟ್‌ಫ್ಯೂನ ಕಪಾಟುಗಳ ಮುಂದೆ ನಿಂತಾಗ ಶ್ರೀರಂಗಪಟ್ಟಣದ ಗ್ರಂಥಗಳನ್ನು ನೆನೆಯದೆ ಇರಲು ನನ್ನಿಂದಾಗದು. ಬರಹವನ್ನು ಗೆದ್ದವನು ಹೊತ್ತುಕೊಂಡು ಹೋಗುತ್ತಾನೆ, ಸೂಚಿ ತಯಾರಿಸುತ್ತಾನೆ, ಆಮೇಲೆ ಆ ಸೂಚಿಯ ಮೂಲಕವೇ ಕಳಕೊಂಡವರು ತಮ್ಮದನ್ನು ಗುರುತು ಹಿಡಿಯಬೇಕು. ಯಾರ್ಕಿನ ಸಂಘದವರ ಅವಮಾನ ಅಷ್ಟು ದೊಡ್ಡದಲ್ಲ. ಜಾತಿ ಮಾತ್ರ ಅದೇ.

ಈಗ ಅಡಿಟಿಪ್ಪಣಿಗಳಿಗೆ ಬರುತ್ತೇನೆ. 180ಕ್ಕೂ ಹೆಚ್ಚಿವೆ. ಕೆಲವು ಒಂದು ಸಾಲಿನವು, ಕೆಲವು ಪುಟಗಟ್ಟಲೆ ಹರಿದು ಮೇಲಿನ ಕಥೆಯನ್ನೇ ಪುಟದ ಅಂಚಿಗೆ ತಳ್ಳುತ್ತವೆ. ಇಲ್ಲದ ಗ್ರಂಥಗಳ ಉಲ್ಲೇಖ, ಇಲ್ಲದ ಪಂಡಿತರ ಜಗಳ, ಇಲ್ಲದ ದೊರೆಯ ಬಗ್ಗೆ ಐತಿಹ್ಯ. ಇದು ಓದುಗರ ತಾಳ್ಮೆ ಪರೀಕ್ಷಿಸುವ ಆಟವೆಂದು ಗೊಣಗಿದವರಿದ್ದಾರೆ. ನನ್ನ ಮಟ್ಟಿಗೆ ಕಾದಂಬರಿಯ ನಿಜವಾದ ಮಂತ್ರ ನಡೆಯುವುದು ಅಲ್ಲಿಯೇ. ನಾಟಿಂಗ್‌ಹ್ಯಾಮಿನ ಒಬ್ಬ ಮಂತ್ರವಾದಿಯ ಉಂಗುರ, ಅವನ ಮಗಳು, ಆ ಉಂಗುರ ಕೈಗೆ ಸಿಕ್ಕ ಮಾರ್ಗರೆಟ್ ಫೋರ್ಡ್ ಎಂಬ ಹೆಂಗಸು ಇವರ ಕಥೆ ಒಂದು ಟಿಪ್ಪಣಿಯಲ್ಲಿ ಬರುತ್ತದೆ. ಮೊದಲು ಆ ಹೆಂಗಸು ದುಷ್ಟೆ ಎಂಬ ಪಾಠ, ಆಮೇಲೆ ಅವಳೂ ಆ ಮಗಳೂ ವೈರಿಗಳೇ ಅಲ್ಲ, ಹೆಂಗಸರ ಮಂತ್ರಕೂಟವೊಂದರ ನಾಯಕಿಯರು ಎಂಬ ಇನ್ನೊಂದು ಪಾಠ. ಎರಡನ್ನೂ ಓದಿ ಮುಗಿಸಿದವನಿಗೆ ಅದುವರೆಗೆ ನಂಬಿದ್ದ ಎಲ್ಲ ಐತಿಹ್ಯಗಳ ಮೇಲೂ ಅನುಮಾನ ಹುಟ್ಟುತ್ತದೆ. ಪಾಠಾಂತರ ನೋಡಿದವನ ಬುದ್ಧಿ ಕೆಲಸ ಮಾಡುವ ಬಗೆ ಇದು. ಯಾರ್ಕಿನ ಸಂಘದ ಬುಧವಾರದ ಸಭೆಗಳಲ್ಲಿ ನಡೆಯುತ್ತಿದ್ದುದೂ ಇದೇ ಇರಬೇಕು, ಆದರೆ ಅಲ್ಲಿ ಅದು ಯಾರಿಗೂ ತಟ್ಟುತ್ತಿರಲಿಲ್ಲ.

ಈ ಟಿಪ್ಪಣಿಗಳಲ್ಲಿ ಉಲ್ಲೇಖವಾಗುವ ಪುಸ್ತಕಗಳಲ್ಲಿ ಒಂದು ಸ್ಟ್ರೇಂಜ್‌ನ ಜೀವನಚರಿತ್ರೆ. ಲೇಖಕ ಜಾನ್ ಸೆಗಂಡಸ್. ಪ್ರಕಟವಾದದ್ದು 1820ರಲ್ಲಿ ಎಂದು ಟಿಪ್ಪಣಿ ಹೇಳುತ್ತದೆ. ಮೊದಲ ಅಧ್ಯಾಯದಲ್ಲಿ ಎದ್ದು ನಿಂತು ಪ್ರಶ್ನೆ ಕೇಳಿದವನ ಪುಸ್ತಕದಿಂದಲೇ ನಾವು ಓದುತ್ತಿರುವ ಕಥೆಯ ಎಷ್ಟೋ ಭಾಗ ಬಂದಿದೆ ಎಂದಾಯಿತು. ನಿರೂಪಕಿಯ ಧ್ವನಿಯೂ ಸಂಘದ ಧ್ವನಿಯೇ: ಸಾವಧಾನ, ತುಸು ಮೊಂಡು, ಅಕ್ಕರೆ, ಉಲ್ಲೇಖವಿಲ್ಲದೆ ಮಾತಾಡಬಾರದೆಂಬ ಹಟ. ಕ್ಲಾರ್ಕ್ ಸಂಘವನ್ನು ನೋಡಿ ನಕ್ಕರೂ ತಮ್ಮ ಕಾದಂಬರಿಯನ್ನು ಅದರ ಸದಸ್ಯರ ಕೈಬರಹದಲ್ಲೇ ಬರೆದರು. 2015ರಲ್ಲಿ ಬಿಬಿಸಿ ಇದನ್ನು ಏಳು ಕಂತುಗಳ ಧಾರಾವಾಹಿ ಮಾಡಿತು. ನಟನೆ ಚೆನ್ನಾಗಿದೆ, ಕಲ್ಲುಗಳು ಮಾತಾಡುವ ದೃಶ್ಯ ಮೈ ನಡುಗಿಸುತ್ತದೆ. ಟಿಪ್ಪಣಿಗಳ ಲೋಕ ಮಾತ್ರ ಪರದೆಗೆ ಬರಲಾರದೆ ಉಳಿಯಿತು. ಅದರೊಂದಿಗೆ ಪಂಡಿತರು ಮತ್ತೆ ನಗೆಗೀಡಾದರು.

ಕಾದಂಬರಿಯ ದೋಷಗಳ ಬಗ್ಗೆಯೂ ಹೇಳಬೇಕು. ಲಂಡನ್ನಿನ ದಿವಾನಖಾನೆಗಳ ಭಾಗ ಬೇಕಾದ್ದಕ್ಕಿಂತ ಉದ್ದ. ನೊರೆಲ್‌ನ ಸುತ್ತ ಸುಳಿಯುವ ಇಬ್ಬರು ಹೊಗಳುಭಟರ ಮಾತು ಒಂದು ಹಂತದ ಮೇಲೆ ಪುನರಾವರ್ತನೆ. ಅದಕ್ಕಿಂತ ಮುಖ್ಯವಾಗಿ, ಕಥೆಯ ಹೆಂಗಸರು ಬಹುಕಾಲ ಮಾಟಕ್ಕೆ ಸಿಕ್ಕವರಾಗಿ, ದೂರದವರಾಗಿ ಇರುತ್ತಾರೆ. ಮಂತ್ರಿ ವಾಲ್ಟರ್ ಪೋಲ್‌ನ ಕೃಪೆ ಗಿಟ್ಟಿಸಲು ನೊರೆಲ್ ಆತ ಮದುವೆಯಾಗಲಿದ್ದ, ತೀರಿಕೊಂಡ ಹುಡುಗಿಯನ್ನು ಬದುಕಿಸುತ್ತಾನೆ. ಅದಕ್ಕಾಗಿ ಅರಳೆಯಂಥ ಬಿಳಿಗೂದಲಿನ ಒಬ್ಬ ಯಕ್ಷನಿಗೆ ಅವಳ ಅರ್ಧ ಆಯುಷ್ಯ ಬರೆದುಕೊಡುತ್ತಾನೆ. ಅವಳನ್ನು ಯಾರೂ ಕೇಳಿರಲಿಲ್ಲ. ಲೇಡಿ ಪೋಲ್ ಆದ ಆಕೆ ರಾತ್ರಿಯೆಲ್ಲ ಯಕ್ಷನ ಮನೆಯಲ್ಲಿ ಕುಣಿಯಬೇಕು, ಹಗಲೆಲ್ಲ ದಣಿದು ಬಿದ್ದಿರಬೇಕು. ತನ್ನ ಕಷ್ಟ ಹೇಳಿಕೊಳ್ಳಲು ಬಾಯಿ ತೆರೆದರೆ ಸಂಬಂಧವಿಲ್ಲದ ಯಾವುದೋ ಹಳೆಯ ಕಥೆ ಹೊರಗೆ ಬರುತ್ತದೆ. ಗಂಡ, ವೈದ್ಯರು, ಮನೆಮಂದಿ ಎಲ್ಲರೂ ಹುಚ್ಚು ಎಂದು ತೀರ್ಮಾನಿಸುತ್ತಾರೆ. ಇಷ್ಟು ದೊಡ್ಡ ಅನ್ಯಾಯವನ್ನು ಕಾದಂಬರಿ ನೂರಾರು ಪುಟ ಹಿನ್ನೆಲೆಯಲ್ಲಿ ಇಟ್ಟುಕೊಂಡು ಯುದ್ಧದ ಕಥೆಗೆ ಹೋಗುವುದು ನನಗೆ ಸರಿಬಂದಿಲ್ಲ.

ಆದರೆ ಆಕೆಯ ಬಿಡುಗಡೆ ಬರುವ ದಾರಿ ನನ್ನ ವಾದಕ್ಕೆ ಎಲ್ಲಕ್ಕಿಂತ ಗಟ್ಟಿ ಆಧಾರ. ಶಾಲೆ ತೆರೆಯಗೊಡದೆ ನೊರೆಲ್ ಕೆಡಿಸಿದ ಸ್ಟೇರ್‌ಕ್ರಾಸ್ ಮನೆ ಹುಚ್ಚರ ಆಶ್ರಯವಾಗಿ, ಲೇಡಿ ಪೋಲ್ ಅಲ್ಲಿಗೆ ಬರುತ್ತಾಳೆ. ನೋಡಿಕೊಳ್ಳುವವರು ಸೆಗಂಡಸ್ ಮತ್ತು ಹನಿಫುಟ್. ಇಬ್ಬರೂ ಹಳೆಯ ಸಂಘದವರು. ಅವಳ ಬಾಯಿಯ ಬಳಿ ಒಂದು ಗುಲಾಬಿ ಇದ್ದಂತೆ ಸೆಗಂಡಸ್‌ಗೆ ಕಾಣುತ್ತದೆ. ಯಾರೋ ಬಾಯಿಗೆ ಮುದ್ರೆ ಒತ್ತಿದ್ದಾರೆ ಎಂದು ಅನುಮಾನ ಬರುತ್ತದೆ. ಅವಳ ಮಾತುಗಳು ಹುಚ್ಚುಮಾತಲ್ಲ, ಯಕ್ಷಲೋಕದ ಕಥೆಗಳು, ಮನುಷ್ಯರ ಗ್ರಂಥಗಳಲ್ಲಿ ಮನುಷ್ಯರ ಕಡೆಯಿಂದ ಹೇಳಿದ್ದನ್ನು ಯಕ್ಷರ ಕಡೆಯಿಂದ ಹೇಳಿದ್ದು ಎಂದು ಈ ಇಬ್ಬರು ಗುರುತಿಸುತ್ತಾರೆ. ಲಂಡನ್ನಿನ ದೊಡ್ಡ ವೈದ್ಯರಿಗೆ, ದೇಶದ ಅತಿ ದೊಡ್ಡ ಮಂತ್ರವಾದಿಗೆ ಆಗದ ಕೆಲಸ ಯಾರಿಂದ ಆಯಿತು? ಬುಧವಾರದ ಸಭೆಗಳಲ್ಲಿ ಹಳೆಯ ಐತಿಹ್ಯಗಳ ಪಾಠಭೇದಗಳನ್ನು ಓದಿ ಓದಿ ಆಕಳಿಸಿದವರಿಂದ. ಆಕೆಯ ಬಾಯಿಂದ ಬಂದದ್ದನ್ನು ಅವರು ಒಂದು ಪಠ್ಯದಂತೆ ಕೇಳಿಸಿಕೊಂಡರು. ಆಮೇಲೆ ನೊರೆಲ್‌ನ ಸೇವಕ ಚಿಲ್ಡರ್ಮಾಸ್ ಯಕ್ಷ ಕತ್ತರಿಸಿ ಒಯ್ದಿದ್ದ ಅವಳ ಬೆರಳನ್ನು ತಂದುಕೊಟ್ಟಾಗ, ಹಿಂದೆ ಓದಿದ್ದ ಮಂತ್ರವೊಂದನ್ನು ನೆನೆದು ಹಾಕಿ ಕಟ್ಟು ಬಿಡಿಸುವವನೂ ಸೆಗಂಡಸ್ಸೇ. ಮಂತ್ರ ಏಕೆ ನಡೆಯುತ್ತಿಲ್ಲ ಎಂದು ಕೇಳಿದವನ ಕೈಯಲ್ಲಿ ಮಂತ್ರ ನಡೆಯುತ್ತದೆ. ಅದು ಕಷ್ಟದಲ್ಲಿದ್ದವಳ ಮಾತನ್ನು ಕೇಳಿಸಿಕೊಂಡದ್ದರಿಂದ ನಡೆದ ಮಂತ್ರ.

ಯಾರ್ಕಿನ ಸಂಘದ ದೋಷ ಓದಿದ್ದರಲ್ಲಿ ಇರಲಿಲ್ಲ ಎಂದು ನಾನು ಹೇಳುವುದು ಇದಕ್ಕೇ. ಅವರು ಓದಿದರು, ಆದರೆ ಆ ಓದಿನ ಎದುರಿಗೆ ಯಾರ ಬದುಕೂ ಇರಲಿಲ್ಲ. ಒಬ್ಬಳ ಬದುಕು ಎದುರಿಗೆ ಬಂದ ದಿನ ಅದೇ ಓದು ಕೆಲಸಕ್ಕೆ ಬಂತು.

ಇನ್ನು ಕ್ಲೆಗ್‌ನ ಕಥೆ. ರೇವನ್ ಕಿಂಗ್ ತಾನೇ ಬರೆದನೆನ್ನುವ ಪುಸ್ತಕ ತಲೆಮಾರುಗಳಿಂದ ಒಂದು ಮನೆತನದ ಕಾವಲಿನಲ್ಲಿ ಇತ್ತು. ಅದನ್ನು ತಲುಪಿಸಲು ಹೊರಟ ಕ್ಲೆಗ್ ದಾರಿಯಲ್ಲಿ ಹೆಂಡದಂಗಡಿ ಹೊಕ್ಕು, ಕುಡಿತದ ಪಂದ್ಯ ಕಟ್ಟಿ, ಪಂದ್ಯದ ಮತ್ತಿನಲ್ಲಿ ಪುಸ್ತಕವನ್ನೇ ತಿಂದುಹಾಕುತ್ತಾನೆ. ಅವನಿಗೆ ಹುಟ್ಟಿದ ಮಗ ವಿಂಕುಲಸ್‌ನ ಮೈತುಂಬ ದೊರೆಯ ಲಿಪಿ. ಲಂಡನ್ನಿನ ಬೀದಿಯಲ್ಲಿ ಕೊಳಕು ಪರದೆ ಕಟ್ಟಿಕೊಂಡು ಕಣಿ ಹೇಳುವ ಈ ವಿಂಕುಲಸ್‌ನನ್ನು ನೊರೆಲ್ ಓಡಿಸಿದ್ದ. ಇಂಗ್ಲೆಂಡಿನ ಎಲ್ಲ ಮಂತ್ರಗ್ರಂಥಗಳನ್ನು ಕೂಡಿಹಾಕಿದವನು ಎಲ್ಲಕ್ಕಿಂತ ದೊಡ್ಡ ಗ್ರಂಥ ತನ್ನ ಮುಂದೆ ನಿಂತು ಬೈದಾಗ ಅದನ್ನು ಗುರುತಿಸಲಿಲ್ಲ. ಕೊನೆಯಲ್ಲಿ ಯಕ್ಷ ವಿಂಕುಲಸ್‌ನನ್ನು ಮರಕ್ಕೆ ನೇತುಹಾಕುತ್ತಾನೆ. ದೊರೆ ಬಂದು ಅವನನ್ನು ಬದುಕಿಸುತ್ತಾನೆ, ಮೈಮೇಲಿನ ಬರಹವನ್ನು ಅಳಿಸಿ ಬೇರೆಯದನ್ನು ಬರೆಯುತ್ತಾನೆ. ನೊರೆಲ್ ಮತ್ತು ಸ್ಟ್ರೇಂಜ್ ಹರ್ಟ್‌ಫ್ಯೂ ಸಮೇತ ಕತ್ತಲೆಯೊಳಗೆ ಕಣ್ಮರೆಯಾಗುತ್ತಾರೆ, ಗ್ರಂಥಾಲಯವೂ ಅವರೊಂದಿಗೆ ಹೋಗುತ್ತದೆ.

ಕೊನೆಯ ಅಧ್ಯಾಯದಲ್ಲಿ ಚಿಲ್ಡರ್ಮಾಸ್ ಯಾರ್ಕಿನ ಹಳೆಯ ಸದಸ್ಯರನ್ನು ಓಲ್ಡ್ ಸ್ಟಾರ್ ಎಂಬ ಹೋಟೆಲಿಗೆ ಕರೆಸುತ್ತಾನೆ. ಕರಾರು ಮುಗಿಯಿತು, ನೀವು ಮತ್ತೆ ಮಂತ್ರವಾದಿಗಳು, ಬೇಕಾದವರೆಲ್ಲ ಮಂತ್ರವಾದಿಗಳು ಎನ್ನುತ್ತಾನೆ. ಓದಲು ಏನಿದೆ ಎಂದು ಅವರು ಕೇಳುತ್ತಾರೆ. ವಿಂಕುಲಸ್‌ನ ಮೈ ತೋರಿಸುತ್ತಾನೆ. ಸಂಘದವರು ಅಷ್ಟರಲ್ಲೇ ಸ್ಟ್ರೇಂಜ್‌ನ ಪಕ್ಷ, ನೊರೆಲ್‌ನ ಪಕ್ಷ ಎಂದು ಒಡೆದು ಜಗಳಕ್ಕೆ ನಿಂತಿದ್ದಾರೆ. ಯಾರಿಗೂ ಓದಲು ಬಾರದ ಲಿಪಿ, ಕುಡುಕನ ಚರ್ಮ, ಜಗಳಗಂಟ ಓದುಗರು: ನೊರೆಲ್ ನೋಡಿದ್ದರೆ ನಡುಗಿಹೋಗುತ್ತಿದ್ದ. ಗಮನಿಸಬೇಕಾದದ್ದು, ಈ ಪುಸ್ತಕವನ್ನು ಕಪಾಟಿನಲ್ಲಿಟ್ಟು ಬೀಗ ಹಾಕಲಾಗದು. ಅದು ತಿನ್ನುತ್ತದೆ, ಬೈಯುತ್ತದೆ, ಎದ್ದು ನಡೆದುಹೋಗುತ್ತದೆ. ತನ್ನ ಮೈಮೇಲೆ ಏನಿದೆಯೆಂದು ವಿಂಕುಲಸ್‌ಗೇ ಗೊತ್ತಿಲ್ಲ. ತಿಳಿಯುವ ಹೊಣೆ ಓದುವವರದ್ದು ಎಂಬುದು ಅವನ ನಿಲುವು. ಒಬ್ಬ ಮನುಷ್ಯನನ್ನು ಓದಬೇಕಾದರೆ ಅವನ ಒಪ್ಪಿಗೆ ಬೇಕು, ಅವನ ಜತೆ ಬಾಳಬೇಕು, ಒಬ್ಬರಿಗೆ ತಿಳಿಯದ್ದನ್ನು ಇನ್ನೊಬ್ಬರು ತಿದ್ದಬೇಕು. ಇಂಥ ಪುಸ್ತಕಕ್ಕೆ ಒಬ್ಬ ಒಡೆಯ ಸಾಲದು, ಸಂಘವೇ ಆಗಬೇಕು. ಸಂಘದ ಜಗಳಗಂಟತನವನ್ನು ಮೊದಲ ಅಧ್ಯಾಯದಲ್ಲಿ ಕಂಡು ನಕ್ಕ ಕಾದಂಬರಿ ಕೊನೆಯ ಅಧ್ಯಾಯದಲ್ಲಿ ಅದನ್ನೇ ಅರ್ಹತೆಯೆಂದು ಒಪ್ಪಿಕೊಳ್ಳುತ್ತದೆ.

ಇಷ್ಟೆಲ್ಲ ಮೆಚ್ಚಿದ ಮೇಲೂ ನನ್ನದೊಂದು ತಕರಾರು ಉಳಿಯುತ್ತದೆ. ಅದು ಸ್ಟೀಫನ್ ಬ್ಲ್ಯಾಕ್ ಕುರಿತದ್ದು. ವಾಲ್ಟರ್ ಪೋಲ್‌ನ ಮನೆಯ ಮುಖ್ಯ ಸೇವಕ, ಕಪ್ಪು ಮನುಷ್ಯ. ಗುಲಾಮಳಾಗಿದ್ದ ತಾಯಿ ಹಡಗಿನಲ್ಲಿ ಅವನನ್ನು ಹೆತ್ತು ಸತ್ತಳು. ತಾಯಿ ಇಟ್ಟ ಹೆಸರು ಯಾರಿಗೂ ತಿಳಿಯದು, ಈಗಿರುವುದು ಒಡೆಯರು ಇಟ್ಟ ಹೆಸರು. ಹೆಸರಿಲ್ಲದ ಗುಲಾಮನೊಬ್ಬ ರಾಜನಾಗುತ್ತಾನೆ ಎಂಬುದು ದೊರೆಯ ಪುಸ್ತಕದಲ್ಲಿ ಮೊದಲಿದ್ದ ಭವಿಷ್ಯ. ನೊರೆಲ್ ಮತ್ತು ಸ್ಟ್ರೇಂಜ್ ಆ ಮಾತು ರೇವನ್ ಕಿಂಗ್‌ನ ಕುರಿತದ್ದೆಂದು ಓದಿ, ‘ಹೆಸರಿಲ್ಲದ ಗುಲಾಮ’ ಎಂದೇ ಅವನನ್ನು ಕರೆದು, ಇಂಗ್ಲೆಂಡಿನ ಮಂತ್ರವನ್ನೆಲ್ಲ ಅವನಿಗೆ ಒಪ್ಪಿಸುತ್ತಾರೆ. ಕರೆ ಹೋಗಿ ಮುಟ್ಟಿದ್ದು ಸ್ಟೀಫನ್‌ನನ್ನು. ಕಲ್ಲು, ಮರ, ನೀರು ಎಲ್ಲವೂ ಒಂದು ಕ್ಷಣ ಅವನ ಮಾತು ಕೇಳುತ್ತವೆ. ಯಕ್ಷನನ್ನು ಅವನು ಕೊಲ್ಲುತ್ತಾನೆ. ಲೇಡಿ ಪೋಲ್‌ನ ನಂತರ ಉಳಿದವರೂ ಬಿಡುಗಡೆಯಾಗುವುದು ಹಾಗೆ. ಇಂಗ್ಲೆಂಡಿನ ಮಂತ್ರದ ಇತಿಹಾಸದಲ್ಲೇ ಅತಿ ದೊಡ್ಡ ಕೆಲಸ ನಡೆದದ್ದು ಇಬ್ಬರು ಮಹಾಪಂಡಿತರ ಒಂದು ತಪ್ಪು ಓದಿನಿಂದ, ಅವರ ಲೆಕ್ಕದಲ್ಲೇ ಇಲ್ಲದ ಒಬ್ಬ ಮನುಷ್ಯನ ಕೈಯಲ್ಲಿ. ಆಮೇಲೆ ಸ್ಟೀಫನ್ ಇಂಗ್ಲೆಂಡನ್ನೇ ಬಿಟ್ಟು ಯಕ್ಷನ ಪಾಳು ರಾಜ್ಯದ ದೊರೆಯಾಗುತ್ತಾನೆ. ಅವನಿಗೆ ಅದು ಗೌರವ, ಕಾದಂಬರಿಗೆ ಅದು ಅನುಕೂಲ. ಓಲ್ಡ್ ಸ್ಟಾರ್‌ನ ಸಭೆಯಲ್ಲಿ ಭವಿಷ್ಯದ ಮೊದಲ ಪಾಠವನ್ನು ನೆನೆಸಿಕೊಂಡು ಆ ಹೆಸರಿಲ್ಲದವನು ಯಾರಿದ್ದ ಎಂದು ಕೇಳುವ ಸೆಗಂಡಸ್ ಒಬ್ಬ ಇರಬೇಕಿತ್ತು. ಅಷ್ಟು ದೊಡ್ಡ ಪಾಠಶೋಧನೆಯ ಕೆಲಸ ಕೈಯಳತೆಯಲ್ಲೇ ಇರುವಾಗ ಸಂಘದವರು ಪಕ್ಷ ಕಟ್ಟಿ ಜಗಳಾಡುತ್ತಾರೆ. ಕ್ಲಾರ್ಕ್ ಅವರೂ ಅವರನ್ನು ಅಲ್ಲಿಗೇ ಬಿಟ್ಟು ಏಳುತ್ತಾರೆ.